ಕುರ್ಚಿ ಕನ್ನಡವಲ್ಲವೆನ್ನುವವರಿಗೆ

ಕಳೆದ ತಿಂಗಳು ಹೊಳಲ್ಕೆರೆಯ ಕಡೆಯ ಹಳೆಯ ವಿದ್ಯಾರ್ಥಿಯೊಬ್ಬರು ನನ್ನ ಮೊಬೈಲಿಗೆ ಒಂದು ಪಟ್ಟಿಯನ್ನು ಕಳುಹಿಸಿದರು. ‘ನಾವು ದಿನನಿತ್ಯ ಬಳಸುವ, ಆದರೆ ಕನ್ನಡವಲ್ಲದ ಪದಗಳು’ ಎಂಬುದು ಅದರ ತಲೆಬರಹ. ಎಡಗಡೆಗೆ ಕುರ್ಚಿ, ಮೇಜು, ಅಲಮಾರು, ಕಾಗದ, ಸಾಬೂನು ಮೊದಲಾದವು. ಬಲಗಡೆಗೆ ಅವುಗಳ ಸ್ಥಾನದಲ್ಲಿ ಬಳಸಬೇಕಾದ ‘ಶುದ್ಧ ಕನ್ನಡ’ ಪದಗಳು. ಕುರ್ಚಿಯ ಎದುರಿಗೆ ‘ಆಸನ’ ಎಂದು ಬರೆದಿತ್ತು. ಕೊನೆಯಲ್ಲಿ, ಇವೆಲ್ಲವೂ ದಾಳಿಕೋರರು ನಮ್ಮ ಮೇಲೆ ಹೇರಿದ ಪದಗಳೆಂದೂ, ಸ್ವಾಭಿಮಾನಿ ಕನ್ನಡಿಗರು ಇವನ್ನು ತಮ್ಮ ಮನೆಗಳಿಂದ ಹೊರಗೆ ಹಾಕಬೇಕೆಂದೂ ಒಂದು ಕರೆ. ‘ಗುರುಗಳೇ, ತಮ್ಮ ಅಭಿಪ್ರಾಯ ತಿಳಿಸಿ’ ಎಂದು ಅವರು ವಿನಯದಿಂದಲೇ ಕೇಳಿದ್ದಾರೆ. ಅಭಿಪ್ರಾಯವು ಮೊಬೈಲಿನ ಒಂದೆರಡು ಸಾಲುಗಳಲ್ಲಿ ಹಿಡಿಸುವಂಥದಲ್ಲವಾದ್ದರಿಂದ ಇಲ್ಲಿ ಬರೆಯುತ್ತಿದ್ದೇನೆ. ಅದೇ ಪಟ್ಟಿ ನಿಮ್ಮಲ್ಲಿ ಹಲವರಿಗೂ ಬಂದಿರಬಹುದು.

ಮೊದಲು ವ್ಯಾಕರಣದ ಮಾತು. ದೇಶ್ಯ, ಅನ್ಯದೇಶ್ಯ, ತತ್ಸಮ, ತದ್ಭವ ಎಂಬ ನಾಲ್ಕು ವಿಭಾಗಗಳನ್ನು ನೀವು ಪ್ರೌಢಶಾಲೆಯಲ್ಲಿ ಬಾಯಿಪಾಠ ಮಾಡಿದ್ದೀರಿ. ಕುರ್ಚಿ ಅನ್ಯದೇಶ್ಯವೆಂಬುದು ನಿಜ. ಆದರೆ ಆಸನವು ಅಚ್ಚಗನ್ನಡವೆಂದು ನಿಮಗೆ ಯಾರು ಹೇಳಿದರು? ಕುಳಿತುಕೊಳ್ಳುವುದೆಂಬ ಅರ್ಥದ ‘ಆಸ್’ ಎಂಬ ಸಂಸ್ಕೃತ ಧಾತುವಿನಿಂದ ಬಂದ ತತ್ಸಮವದು. ಒಂದು ಎರವಲನ್ನು ಹಿಂತಿರುಗಿಸಿ ಇನ್ನೊಂದು ಎರವಲನ್ನು ತಂದರೆ ಅದು ಶುದ್ಧೀಕರಣವಾಗುವುದಿಲ್ಲ, ಸಾಲಗಾರನ ಬದಲಾವಣೆಯಾಗುತ್ತದೆ. ‘ಶುದ್ಧ’ ಎಂಬ ಪದವೇ ಸಂಸ್ಕೃತದ್ದು ಎಂಬುದನ್ನು ಪಟ್ಟಿಯ ಕರ್ತೃವು ಗಮನಿಸಿದಂತಿಲ್ಲ. ಇನ್ನು ಆತ ತನ್ನ ಹೆಸರಿನ ಕೆಳಗೆ ‘ತಾಲ್ಲೂಕು’, ‘ಜಿಲ್ಲೆ’ ಎಂದು ವಿಳಾಸವನ್ನೂ ಬರೆದಿದ್ದಾನೆ! ತಾಲ್ಲೂಕು ಸಂಬಂಧ, ಅಧೀನತೆ ಎಂಬರ್ಥದ ಅರಬ್ಬಿ ಪದದಿಂದ ಬಂದದ್ದು. ಜಿಲ್ಲೆ ಪಕ್ಕೆಲುಬು, ಪಾರ್ಶ್ವ ಎಂಬರ್ಥದ ಇನ್ನೊಂದು ಅರಬ್ಬಿ ಪದದಿಂದ. ಮನೆಯ ಕುರ್ಚಿಯನ್ನು ಹೊರಗೆ ಹಾಕುವ ಮೊದಲು ಇಡೀ ಚಿತ್ರದುರ್ಗ ಜಿಲ್ಲೆಯನ್ನೇ ಹೊರಗೆ ಹಾಕಬೇಕಾದೀತು. ಹಿರಿಯೂರು, ಹೊಳಲ್ಕೆರೆ ಅಚ್ಚಗನ್ನಡ ಹೆಸರುಗಳು, ಉಳಿದಾವು. ಹೊಸದುರ್ಗದ ಗತಿಯೇನು? ಕನ್ನಡದ ‘ಹೊಸ’ಕ್ಕೆ ಸಂಸ್ಕೃತದ ‘ದುರ್ಗ’ ಸೇರಿದ ಅರಿಸಮಾಸವದು. ಅರಿಸಮಾಸ ದೋಷವೆಂದು ಹೇಳಿಕೊಡುತ್ತಲೇ ಅರಿಸಮಾಸದ ಊರಿನಲ್ಲಿ ಸಂಬಳ ಎಣಿಸಿಕೊಂಡವನು ನಾನು.

ಸಂಸ್ಕೃತದ ತತ್ಸಮಗಳನ್ನು ಬಿಟ್ಟು ಕಾವ್ಯ ಬರೆಯುತ್ತೇನೆಂದು ಹಟ ತೊಟ್ಟ ಕವಿಯೊಬ್ಬನು ನಮ್ಮಲ್ಲಿ ನಿಜವಾಗಿಯೂ ಇದ್ದನು, 13ನೆಯ ಶತಮಾನದ ಆಂಡಯ್ಯ. ಅವನ ‘ಕಬ್ಬಿಗರ ಕಾವ’ ಆ ಹಟದ ಫಲ. ಆದರೆ ಆಂಡಯ್ಯನೂ ತದ್ಭವಗಳನ್ನು ಬಿಡಲಿಲ್ಲ. ಹೊರಗಿನ ಪದವು ಕನ್ನಡಿಗನ ನಾಲಗೆಯ ಮೇಲೆ ಹೊರಳಿ, ತನ್ನ ರೂಪವನ್ನು ಬದಲಿಸಿಕೊಂಡರೆ ಅದು ಕನ್ನಡವೇ ಎಂಬುದು ಅವನ ಲೆಕ್ಕ. ಅದೇ ಶತಮಾನದ ಕೇಶಿರಾಜನು ‘ಶಬ್ದಮಣಿದರ್ಪಣ’ದಲ್ಲಿ ಹೀಗೆ ರೂಪಾಂತರ ಹೊಂದುವ ಬಗೆಗಳಿಗೆ ಅಪಭ್ರಂಶ ಪ್ರಕರಣವೆಂಬ ಒಂದು ಪ್ರಕರಣವನ್ನೇ ಮೀಸಲಿಟ್ಟನು. ಅವರ ಕಣ್ಣೆದುರಿಗಿದ್ದದ್ದು ಸಂಸ್ಕೃತ, ಒಪ್ಪಿದೆ. ಆದರೆ ಅರಬ್ಬಿಯ ‘ಕುರ್ಸಿ’ ನಮ್ಮಲ್ಲಿ ಕುರ್ಚಿಯಾದ ಮೇಲೆ ಅದಕ್ಕೊಂದು, ‘ವಿದ್ಯಾ’ ಬಿಜ್ಜೆಯಾದ ಮೇಲೆ ಅದಕ್ಕೊಂದು ನ್ಯಾಯವೇ?

ಈ ಕುರ್ಚಿಯ ಪ್ರಯಾಣ ಸ್ವಾರಸ್ಯವಾದದ್ದು. ‘ಕುರ್ಸಿ’ ಅರಬ್ಬಿಗೂ ತವರಿನ ಪದವಲ್ಲ. ಅದು ಅರಮಾಯಿಕ್ ಭಾಷೆಯಿಂದ ಅಲ್ಲಿಗೆ ಬಂದದ್ದು. ಅದಕ್ಕೂ ಹಿಂದೆ ಬ್ಯಾಬಿಲೋನಿನವರ ಅಕ್ಕಾಡಿಯನ್ ಭಾಷೆಯಲ್ಲಿ ‘ಕುಸ್ಸು’ ಎಂದಿತ್ತು. ಅದರ ಹಿಂದೆ ಸುಮೇರಿಯನ್ನರ ‘ಗುಜಾ’. ನಾಲ್ಕು ಸಾವಿರ ವರ್ಷಗಳಿಗೂ ಹಳೆಯ ಪದವದು, ಹೀಬ್ರೂ ಭಾಷೆಯ ‘ಕಿಸ್ಸೆ’ಯೂ ಅದೇ ಕುಟುಂಬದ್ದು. ಕುರಾನಿನ ಪ್ರಸಿದ್ಧವಾದ ‘ಆಯತುಲ್ ಕುರ್ಸಿ’ಯಲ್ಲಿ ಅದು ದೇವರ ಪೀಠ. ಅರಬ್ಬಿಯಿಂದ ಪಾರಸಿಗೆ, ಪಾರಸಿಯಿಂದ ದಖ್ಖನಿನ ಭಾಷೆಗಳಿಗೆ ಅದು ಬಂದಿತು. ಮರಾಠಿಯಲ್ಲಿ ಖುರ್ಚಿ, ತೆಲುಗಿನಲ್ಲಿಯೂ ಕುರ್ಚಿ. ನಮ್ಮ ಸೀಮೆಗೆ ಪಾರಸಿ ಕಡತಗಳು ಬಂದ ದಾರಿಯೇನೂ ದೂರದ್ದಲ್ಲ. 1686ರಲ್ಲಿ ಬಿಜಾಪುರ ಮೊಗಲರ ವಶವಾಯಿತು, 1687ರಲ್ಲಿ ಹಿರಿಯೂರಿನ ನೆರೆಯ ಶಿರಾ ಅವರ ಸುಬಾದ ಕೇಂದ್ರವಾಯಿತು. 1779ರಲ್ಲಿ ಚಿತ್ರದುರ್ಗದ ಕೋಟೆ ಹೈದರನ ಕೈಸೇರಿತು. ಕಂದಾಯ, ಕಚೇರಿ, ನ್ಯಾಯದ ಪದಗಳನೇಕವು ಇಂಥ ಆಡಳಿತಗಳೊಂದಿಗೆ ನೆಲೆಯೂರಿದವು. ಕರಾವಳಿಯಲ್ಲಿ ಬೇರೆಯೇ ಕಥೆ. ಅಲ್ಲಿ ಪೋರ್ಚುಗೀಸರ ‘ಕದೈರ’ ಕೊಂಕಣಿಯಲ್ಲಿ ಕದೆಲ್ ಆಯಿತು, ಮಲಯಾಳದಲ್ಲಿ ಕಸೇರ ಆಯಿತು. ಕಾಸರಗೋಡಿನಲ್ಲಿ ಇಂದಿಗೂ ಕುರ್ಚಿ ಮತ್ತು ಕಸೇರ ಅಕ್ಕಪಕ್ಕದ ಮನೆಗಳಲ್ಲಿವೆ. ತಮಿಳರು ಮಾತ್ರ ಎರವಲಿಗೆ ಹೋಗದೆ ‘ನಾರ್ಕಾಲಿ’, ಎಂದರೆ ನಾಲ್ಕು ಕಾಲುಳ್ಳದ್ದು, ಎಂದು ತಮ್ಮದೇ ಪದ ಕಟ್ಟಿಕೊಂಡರು. ಅದು ಮೆಚ್ಚತಕ್ಕದ್ದೇ. ನಮ್ಮ ಪೂರ್ವಿಕರು ಹಾಗೆ ಕಟ್ಟಲಿಲ್ಲ, ಬಂದುದನ್ನು ಒಳಗೆ ಕರೆದು ಕೂರಿಸಿದರು. ಇಂದು ಕುಳಿತುಕೊಂಡು ಶತಮಾನಗಳಾದ ಅತಿಥಿಗೆ ‘ನಿನ್ನ ಊರು ಯಾವುದು’ ಎಂದು ಕೇಳುವುದು ಯಾವ ಸಂಸ್ಕಾರ?

ಪಟ್ಟಿಯ ಕರ್ತೃವು ಮರೆತ ನಮ್ಮ ಸ್ವಂತದ ಪದವೊಂದಿದೆ, ಮಣೆ. ತಮಿಳಿನಲ್ಲಿಯೂ ಮಣೈ ಎಂದಿರುವ ಈ ಪದ ದ್ರಾವಿಡ ಮೂಲದ್ದು. ನಮ್ಮ ಅಡುಗೆಮನೆಯ ಅರ್ಧ ಸಾಮಾನು ಮಣೆಯೇ: ಈಳಿಗೆಮಣೆ, ತುರಿಯುವ ಮಣೆ, ಶಾವಿಗೆಮಣೆ, ಲಟ್ಟಿಸುವ ಮಣೆ. ಆಟಕ್ಕೆ ಚೆನ್ನೆಮಣೆ, ಮದುವೆಗೆ ಹಸೆಮಣೆ, ಕೂರಲು ಕಾಲ್ಮಣೆ. ನೆಲದಿಂದ ನಾಲ್ಕು ಬೆರಳು ಎತ್ತರದ ಹಲಗೆಯೊಂದು ಒಂದು ಜನಾಂಗದ ಊಟ, ಆಟ, ಮದುವೆಗಳನ್ನೆಲ್ಲ ಹೊತ್ತು ನಿಂತ ಬಗೆಯನ್ನು ನೆನೆದರೆ ನನಗೆ ಈಗಲೂ ಸಂತೋಷವಾಗುತ್ತದೆ. ಆದರೆ ಅಚ್ಚಗನ್ನಡವಾದ ಮಾತ್ರಕ್ಕೆ ಮಣೆಯೇನೂ ನಿಷ್ಪಾಪಿಯಲ್ಲ. ‘ಮಣೆ ಹಾಕು’ ಎಂದರೆ ಗೌರವಿಸು, ಪ್ರಾಶಸ್ತ್ಯ ಕೊಡು ಎಂಬ ಅರ್ಥ ಹೇಗೆ ಬಂದಿತು? ಕೆಲವರಿಗೆ ಮಣೆ, ಕೆಲವರಿಗೆ ಬರಿಯ ನೆಲ, ಇನ್ನು ಕೆಲವರಿಗೆ ಅಂಗಳದ ಹೊರಗಿನ ನೆಲ ಎಂಬ ವ್ಯವಸ್ಥೆಯಿಂದ ಬಂದಿತು.

ಗದ್ದುಗೆಯೂ ಹಾಗೆಯೇ. ಅರಸನು ಏರುವುದು ಗದ್ದುಗೆ, ಮಠಾಧಿಪತಿ ಕೂರುವುದು ಗದ್ದುಗೆ, ಆ ಗುರು ಲಿಂಗೈಕ್ಯನಾದ ಮೇಲೆ ಅವನ ಸಮಾಧಿಯೂ ಗದ್ದುಗೆ. ಕುರುಬರ ಸಂಪ್ರದಾಯದಲ್ಲಿ ನೆಲದ ಮೇಲೆ ಹಾಸಿದ ಕಂಬಳಿಯೂ ಗದ್ದುಗೆ, ಅದರ ಮೇಲೆ ದೇವರನ್ನೇ ಕೂರಿಸುತ್ತಾರೆ. ಸಿಂಹಾಸನಕ್ಕೂ ಸಮಾಧಿಗೂ ಕಂಬಳಿಗೂ ಒಂದೇ ಹೆಸರಿಟ್ಟ ಭಾಷೆಯ ವಿವೇಕ ದೊಡ್ಡದು! ಹಿಂದಿಯ ಗದ್ದಿ, ಮರಾಠಿಯ ಗಾದಿ ಇದರ ನೆಂಟರು. ಪಟ್ಟಿಯಲ್ಲಿ ಗದ್ದುಗೆ ಇಲ್ಲ. ಅದಕ್ಕೆ ಉತ್ತರದಲ್ಲಿ ನೆಂಟರಿದ್ದಾರೆಂದು ಅವರಿಗೆ ತಿಳಿದಿರಲಾರದು, ನಾನು ಹೇಳಿ ಕೆಡಿಸಿದೆನೋ ಏನೋ.

ಇನ್ನು ಪೀಠ. ಮನೆಯ ಮಂಚ, ಬೀರುಗಳನ್ನೆಲ್ಲ ನಾವು ‘ಪೀಠೋಪಕರಣ’ ಎನ್ನುತ್ತೇವೆ. ಎಲ್ಲ ಸಾಮಾನಿಗೂ ಪೀಠವೇ ಯಜಮಾನ. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಅಲ್ಲಮಪ್ರಭು ಏರಿದ್ದು ಶೂನ್ಯಸಿಂಹಾಸನವೆಂದು ಪ್ರಸಿದ್ಧಿ, ಚಿತ್ರದುರ್ಗದ ಮುರುಘಾಮಠದ ಪೀಠಕ್ಕೆ ಶೂನ್ಯಪೀಠವೆಂದೇ ಹೆಸರು. ಈಚಿನ ದಶಕಗಳಲ್ಲಿ ನಮ್ಮ ಜಿಲ್ಲೆಯಲ್ಲಿ ಮಾದಾರ ಚನ್ನಯ್ಯ ಗುರುಪೀಠ, ಭೋವಿ ಗುರುಪೀಠ, ಹೊಸದುರ್ಗ ತಾಲ್ಲೂಕಿನ ಮಧುರೆಯಲ್ಲಿ ಭಗೀರಥ ಪೀಠ ಹೀಗೆ ಹಲವು ಪೀಠಗಳು ಬಂದವು. ‘ಎಷ್ಟೊಂದು ಪೀಠಗಳಪ್ಪ’ ಎಂದು ನಗುವವರನ್ನು ಕಂಡಿದ್ದೇನೆ. ತಲೆಮಾರುಗಳ ಕಾಲ ಯಾರೂ ಮಣೆ ಹಾಕದಿದ್ದವರು ತಮ್ಮದೇ ಪೀಠವನ್ನು ಮಾಡಿಕೊಂಡರೆ ಅದರಲ್ಲಿ ನಗುವಂಥದ್ದೇನಿದೆ?

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ಹಳ್ಳಿಗೆ ಬಂದ ಕುರ್ಚಿ ವಿಶ್ರಾಂತಿಗಾಗಿ ಬಂದದ್ದಲ್ಲ, ಅಧಿಕಾರವಾಗಿ ಬಂದದ್ದು. ಎಲ್ಲರೂ ನೆಲದ ಮೇಲೆ ಅಥವಾ ಕಟ್ಟೆಯ ಮೇಲೆ ಕೂರುವ ಊರಿನಲ್ಲಿ ಅಮಲ್ದಾರನೊಬ್ಬನು ಕುರ್ಚಿಯಲ್ಲಿ ಕೂರುತ್ತಿದ್ದನು, ಉಳಿದವರು ನಿಲ್ಲುತ್ತಿದ್ದರು. 1970ರ ದಶಕದಲ್ಲಿ ನಾನು ಹೊಸದುರ್ಗ ತಾಲ್ಲೂಕಿನ ಹಳ್ಳಿಯೊಂದರ ಶಾಲೆಗೆ ಸೇರಿದಾಗ ಎರಡು ಕೊಠಡಿಗಳಿಗೆ ಒಂದೇ ಕುರ್ಚಿ. ಒಂದು ದಿನ ಊರ ಹೊರಗಿನ ಕೇರಿಯ ಒಬ್ಬರು ಮಗಳ ವರ್ಗಾವಣೆ ಪತ್ರಕ್ಕಾಗಿ ಬಂದು ಬಾಗಿಲಿನ ಹೊರಗೆ ನಿಂತರು. ಪತ್ರ ಬರೆಯಲು ಸ್ವಲ್ಪ ಹೊತ್ತು ಬೇಕಿತ್ತು. ನಾನು ಎದ್ದು ‘ಒಳಗೆ ಬಂದು ಕೂತುಕೊಳ್ಳಿ’ ಎಂದೆ. ಅವರು ಒಳಗೇನೋ ಬಂದರು, ಕುರ್ಚಿಯ ಪಕ್ಕದ ನೆಲದ ಮೇಲೆ ಕುಳಿತರು. ಮತ್ತೆ ಒತ್ತಾಯಿಸಿದಾಗ ‘ಕುರ್ಚಿ ನಮ್ಗಲ್ಲ ಬುದ್ಧಿ’ ಎಂದರು. ಸಂಜೆಯ ಹೊತ್ತಿಗೆ ಸುದ್ದಿ ಊರಿನೊಳಗೆ ತಲುಪಿತ್ತು. ಪ್ರಮುಖರೊಬ್ಬರು ನನ್ನನ್ನು ದಾರಿಯಲ್ಲಿ ತಡೆದು, ‘ಮೇಷ್ಟ್ರೇ, ಇಲ್ಲದ ಅಭ್ಯಾಸ ಮಾಡಿಸಬೇಡಿ’ ಎಂದು ನಗುನಗುತ್ತಲೇ ಹೇಳಿದರು. ಅವರು ಕೂರದಿದ್ದ ಕುರ್ಚಿಯ ಬಗೆಗೆ ಆ ಎಚ್ಚರಿಕೆ! ಸಾತಾರೆಯ ಶಾಲೆಯಲ್ಲಿ ಬಾಲಕ ಅಂಬೇಡ್ಕರರು ಮನೆಯಿಂದ ತಂದ ಗೋಣಿತಟ್ಟಿನ ಮೇಲೆ ಮೂಲೆಯಲ್ಲಿ ಬೇರೆಯಾಗಿ ಕೂರಬೇಕಾಗಿತ್ತೆಂಬುದನ್ನು ಅವರೇ ಬರೆದಿದ್ದಾರೆ. ಅದನ್ನು ತರಗತಿಯಲ್ಲಿ ಹೇಳುವಾಗಲೆಲ್ಲ ನನಗೆ ಸಾತಾರೆ ದೂರವೆನಿಸುತ್ತಿರಲಿಲ್ಲ.

ಕುರ್ಚಿ ನಮ್ಮದಲ್ಲವೆಂದು ನಾನು ಎರಡು ಬಾರಿ ಕೇಳಿದ್ದೇನೆ. ಒಮ್ಮೆ ಆ ತಂದೆಯ ಬಾಯಲ್ಲಿ, ಈಗ ಈ ಪಟ್ಟಿಯಲ್ಲಿ. ಮೊದಲನೆಯದಕ್ಕೆ ಕಾರಣರಾದವರು ಯಾವ ದೇಶದ ದಾಳಿಕೋರರೂ ಅಲ್ಲ, ನಮ್ಮವರೇ, ಒಳ್ಳೆಯ ಕನ್ನಡ ಮಾತನಾಡುವವರೇ. ಕುರ್ಚಿಯೆಂಬ ಪದದೊಳಗೆ ಈ ಚರಿತ್ರೆಯೆಲ್ಲ ಇದೆ. ಕುರ್ಚಿಗೆ ಅಂಟಿಕೊಂಡ, ಕುರ್ಚಿಗಾಗಿ ಕಾದಾಡಿದ, ಕುರ್ಚಿ ಬಿಟ್ಟ, ಕುರ್ಚಿ ಅಲುಗಿತು ಎಂಬ ಮಾತುಗಳನ್ನು ಕಟ್ಟಿದವರು ಪಾರಸಿಯವರಲ್ಲ. ನಿಂತು ನೋಡಿದ ಕನ್ನಡಿಗರು, ಅಧಿಕಾರವನ್ನು ಕೆಳಗಿನಿಂದ ಕಂಡವರು. ‘ಮಂತ್ರಿಗಳು ಆಸನಕ್ಕೆ ಅಂಟಿಕೊಂಡಿದ್ದಾರೆ’ ಎಂದು ಬರೆದು ನೋಡಿ, ಓದುಗರು ಯೋಗಾಭ್ಯಾಸವೆಂದು ತಿಳಿಯುತ್ತಾರೆ. ಆಸನದಲ್ಲಿ ಆ ನಿಂತವರ ಕಣ್ಣು ಇಲ್ಲ. ಸಭೆಯಲ್ಲಿ ‘ದಯವಿಟ್ಟು ಆಸನ ಸ್ವೀಕರಿಸಿ’ ಎನ್ನಲು ಅದು ಚೆನ್ನಾಗಿದೆ, ಅಲ್ಲಿಯೇ ಇರಲಿ.

ಇನ್ನೂ ಒಂದು ಸಂಗತಿಯಿದೆ, ಹೇಳದೆ ಇರಲಾರೆ. ಹಿರಿಯೂರಿನಲ್ಲಿ ನಾನಿದ್ದ ವರ್ಷಗಳಲ್ಲಿ ಮರಗೆಲಸ ಮಾಡುವ ಮುಸ್ಲಿಂ ಮನೆತನಗಳ ಹುಡುಗರು ನನ್ನ ಬಳಿ ಕನ್ನಡ ಕಲಿತರು. ಹಳಗನ್ನಡದ ಪದ್ಯಕ್ಕೆ ಅವರಷ್ಟು ಚೆನ್ನಾಗಿ ಪ್ರಸ್ತಾರ ಹಾಕುತ್ತಿದ್ದವರು ಕಡಮೆ. ಈ ಪಟ್ಟಿ ಹರಿದಾಡಿದ ಹಳೆಯ ವಿದ್ಯಾರ್ಥಿಗಳ ಗುಂಪಿನಲ್ಲಿ ಅವರೂ ಇದ್ದಾರೆ. ‘ದಾಳಿಕೋರರ ಪದಗಳನ್ನು ಮನೆಯಿಂದ ಹೊರಗೆ ಹಾಕಿ’ ಎಂಬ ಸಾಲನ್ನು ಅವರು ಪದಗಳ ವಿಚಾರವೆಂದೇ ಓದಿಕೊಂಡರೆಂದು ನೀವು ನಂಬುತ್ತೀರಾ? ಗುಂಪಿನಲ್ಲಿ ಒಬ್ಬರೂ ಏನೂ ಬರೆಯಲಿಲ್ಲವೆಂದು ತಿಳಿಯಿತು. ಆ ಮೌನ ನನಗೆ ಪಟ್ಟಿಗಿಂತ ಹೆಚ್ಚು ಬೇಸರ ತಂದಿತು.

ಎದುರು ಪಕ್ಷದವರನ್ನೂ ಬಿಡುವಂತಿಲ್ಲ. ಬೆಂಗಳೂರಿನ ನನ್ನ ಬಂಧುಗಳ ಮನೆಗಳಲ್ಲಿ ಮೊಮ್ಮಕ್ಕಳಿಗೆ ಕುರ್ಚಿ ಎಂದರೆ ತಿಳಿಯುವುದಿಲ್ಲ, ‘ಚೇರ್’ ಎನ್ನಬೇಕು. ಮೇಜು ಹೋಗಿ ಟೇಬಲ್, ಮಂಚ ಹೋಗಿ ಕಾಟ್. ಈ ಚೇರ್ ಎಂಬುದು ಗ್ರೀಕರ ‘ಕಥೆದ್ರ’ದ ಸವೆದ ರೂಪ, ಕೊಂಕಣಿಯ ಕದೆಲ್, ಮಲಯಾಳದ ಕಸೇರಗಳ ಒಡಹುಟ್ಟು. ಅದರ ಮೇಲೆ ನನಗೆ ದ್ವೇಷವಿಲ್ಲ. ಆದರೆ ಪಟ್ಟಿಯ ಅಭಿಮಾನಿಗಳಾದ ಪೋಷಕರೇ ಮನೆಯಲ್ಲಿ ಮಕ್ಕಳಿಗೆ ಚೇರ್ ಕಲಿಸುತ್ತಾರೆ. ಕುರ್ಚಿಯನ್ನು ಹೊರಗೆ ಹಾಕಿದರೆ ಆ ಜಾಗದಲ್ಲಿ ಆಸನ ಬಂದು ಕೂರುವುದಿಲ್ಲ, ಚೇರ್ ಬಂದು ಕೂರುತ್ತದೆ. ಈಗಾಗಲೇ ಅರ್ಧ ಕುಳಿತಿದೆ.

1990ರ ದಶಕದ ನಂತರ ನಮ್ಮ ಊರುಗಳಲ್ಲಿ ಹರಡಿದ ಪ್ಲಾಸ್ಟಿಕ್ ಕುರ್ಚಿಯನ್ನು ಕುರಿತು ಯಾರೂ ಒಳ್ಳೆಯ ಮಾತನಾಡಿದ್ದನ್ನು ನಾನು ಕೇಳಿಲ್ಲ. ನೋಡಲು ಚೆನ್ನಾಗಿಲ್ಲ ನಿಜ, ಬಿಸಿಲಿಗೆ ಸಿಡಿಯುತ್ತದೆ, ದಪ್ಪನೆಯವರನ್ನು ನಂಬಿಸಿ ಬೀಳಿಸುತ್ತದೆ. ಆದರೆ ‘ಶಾಮಿಯಾನ, ಕುರ್ಚಿ, ಪಾತ್ರೆ ಬಾಡಿಗೆಗೆ ದೊರೆಯುತ್ತವೆ’ ಎಂಬ ಫಲಕವಿರುವ ಅಂಗಡಿಯಿಂದ ಬಂದ ಇನ್ನೂರು ಕುರ್ಚಿಗಳು ಒಂದೇ ಬಣ್ಣ, ಒಂದೇ ಎತ್ತರ. ಯಾವುದು ಯಾರಿಗೆಂದು ಗುರುತು ಹಾಕಲು ಬರುವುದಿಲ್ಲ. ಈಚೆಗೆ ಚಿತ್ರದುರ್ಗದ ಮದುವೆಯೊಂದರಲ್ಲಿ ನನ್ನ ಪಕ್ಕದ ಕುರ್ಚಿಯಲ್ಲಿ ಕುಳಿತವರು ಯಾರೆಂದು ನಾನು ಕೇಳಲಿಲ್ಲ, ಅವರೂ ಕೇಳಲಿಲ್ಲ. ಈ ವರ್ಷದ ಮಳೆಯನ್ನೂ ವಾಣಿವಿಲಾಸ ಸಾಗರದ ನೀರಿನ ಮಟ್ಟವನ್ನೂ ಕುರಿತು ಮಾತನಾಡಿದೆವು.

ಪಟ್ಟಿ ಕಳುಹಿಸಿದ ಶಿಷ್ಯರಿಗೆ ನನ್ನ ಉತ್ತರ ಇಷ್ಟೇ: ಅದನ್ನು ಮುಂದಕ್ಕೆ ಕಳುಹಿಸಬೇಡಿ. ಪದಗಳನ್ನು ಉಳಿಸಬೇಕೆಂಬ ಆಸಕ್ತಿ ನಿಜವಾಗಿದ್ದರೆ ಬೇರೊಂದು ಪಟ್ಟಿ ಮಾಡೋಣ. ನಿಮ್ಮ ಅಜ್ಜಿಯರ ಮನೆಯಲ್ಲಿ ಕಾಲ್ಮಣೆಗೆ, ಜಗಲಿಗೆ, ಹೊಲದ ಅಟ್ಟಣೆಗೆ ಬೇರೆ ಹೆಸರುಗಳಿದ್ದರೆ ಊರಿನ ಹೆಸರಿನೊಂದಿಗೆ ಬರೆದು ತಿಳಿಸಿ. ಹೊಳಲ್ಕೆರೆ ಕಡೆಯವರು ಮೊದಲು ಬರೆಯಿರಿ. ಅಲ್ಲಿಯ ಪದಗಳು ನನ್ನ ಬಳಿ ಕಡಮೆ ಇವೆ.