ಹೊಳೆ ದಾಟದ ಸರ್ಟಿಫಿಕೇಟು



ನಂಜನಗೂಡಿನಲ್ಲಿ ಜನ ಮುಳುಗೇಳುವ ಕಪಿಲೆ, ಎಚ್.ಡಿ. ಕೋಟೆಯ ಬೈರಕುಪ್ಪೆಯಲ್ಲಿ ಗಡಿ. ಈಚೆ ದಡ ಕರ್ನಾಟಕ, ಆಚೆ ದಡ ಕೇರಳದ ವಯನಾಡು. ನಡುವೆ ದೋಣಿ. ಕೂಲಿ ದಾಟುತ್ತೆ, ನೆಂಟಸ್ತನ ದಾಟುತ್ತೆ. ಈಚೆ ಜೇನುಕುರುಬರು, ಆಚೆ ಅವರ ಬಳಗದವರಿಗೆ ಕಾಟ್ಟುನಾಯ್ಕರು ಅಂತ ಹೆಸರು.

ಸರ್ಟಿಫಿಕೇಟು ಮಾತ್ರ ದಾಟಲ್ಲ. ಸಂವಿಧಾನದ 341, 342ನೇ ವಿಧಿಗಳ ಪಟ್ಟಿ ರಾಜ್ಯಕ್ಕೊಂದು. ಅಪ್ಪನ ನೌಕರಿಯಿಂದಾಗಿ ಆಂಧ್ರ ಬಿಟ್ಟು ಬೊಂಬಾಯಿಯಲ್ಲಿ ಬೆಳೆದ ಬುಡಕಟ್ಟಿನ ಹುಡುಗನೊಬ್ಬ ಮೆಡಿಕಲ್ ಸೀಟು ಕೇಳಿದ. ನಿನ್ನ ಮೀಸಲಾತಿ ಮೂಲ ರಾಜ್ಯದಲ್ಲಿ ಮಾತ್ರ ಎಂದು 1990ರಲ್ಲಿ ಸುಪ್ರೀಂ ಕೋರ್ಟಿನ ಐವರ ಪೀಠ ಹೇಳಿತು. ಒಂದು ರಾಜ್ಯದಲ್ಲಿ ಹಿಂದುಳಿದವರು ಇನ್ನೊಂದರಲ್ಲಿ ಅಷ್ಟೇ ಹಿಂದುಳಿದಿರಬೇಕಿಲ್ಲ ಅಂತ ವಾದ. ಇರಬಹುದು, ಬೊಂಬಾಯಿ ದೂರ. ದೋಣಿ ಹತ್ತಿ ಇಳಿಯುವಷ್ಟರಲ್ಲಿ ಯಾರ ಬಡತನ ಕರಗಿತು ಹೇಳಿ?

1993ರಲ್ಲಿ ದೇವಸ್ಥಾನ ಪ್ರವೇಶದ ಹಗೆಗೆ ನಮ್ಮ ಬದನವಾಳಿನಲ್ಲಿ ಮೂವರು ದಲಿತರ ಕೊಲೆಯಾಯಿತು. ಕೊಲ್ಲುವ ಜಾತಿ ಯಾವ ರಾಜ್ಯದ ಪಟ್ಟಿ ನೋಡಿ ಬಂತು?

ಹಾಸ್ಟೆಲಿನ ಹುಡುಗರೇ, ಆಚೆ ದಡದ ಹುಡುಗ ಸೀಟು ಸಿಗದೆ ವಾಪಸಾದರೆ "ಹೊರಗಿನವನು, ನಮಗೇನು" ಅನ್ನಬೇಡಿ. ನಾಳೆ ದೋಣಿ ಹತ್ತುವವನು ನೀವೇ ಇರಬಹುದು. ಗಡಿ ತಾಲ್ಲೂಕುಗಳಲ್ಲಾದರೂ ಎರಡೂ ಕಡೆಯ ಸರ್ಟಿಫಿಕೇಟು ನಡೆಯಲಿ ಅಂತ ಕೇಳೋಣ. ಪಟ್ಟಿ ತಿದ್ದುವ ಅಧಿಕಾರ ಪಾರ್ಲಿಮೆಂಟಿಗೆ ಮಾತ್ರ. ತಾಲ್ಲೂಕು ಕಛೇರಿ ಮುಂದೆ ಕೂಗಿ ಗಂಟಲು ಹರಿದುಕೊಳ್ಳೋದು ಬೇಡ, ಅರ್ಜಿ ಅಲ್ಲಿಗೇ ಹೋಗಲಿ.