ರಸ್ತೆ ನಿಲ್ಲಿಸುವುದು ಕೋರ್ಟಲ್ಲ, ಅಡ್ಡದಾರಿ

ಮಂಡ್ಯ, ಮದ್ದೂರು, ಮಳವಳ್ಳಿಯ ಬಂಧುಗಳೇ,

ನಮ್ಮ ಪೇಟೆಗಳ ರಸ್ತೆಗಳು ಅಗಲವಾಗಬೇಕು ಎಂಬುದರಲ್ಲಿ ತಕರಾರಿಲ್ಲ. ಮದ್ದೂರಿನ ಪೇಟೆಬೀದಿ ವಿಸ್ತರಣೆಯ ಮಾತು ವರ್ಷಗಳಿಂದ ಕೇಳಿಬರುತ್ತಿದೆ. ಆದರೆ ಇಂಥ ಕಡೆ ಅಂಗಡಿ, ಮನೆಯವರು ಕೋರ್ಟಿನ ಮೆಟ್ಟಿಲು ಹತ್ತಿದರೆ ಸಾಕು, ಅವರಿಗೆ ‘ಅಭಿವೃದ್ಧಿ ವಿರೋಧಿಗಳು’ ಎಂಬ ಹಣೆಪಟ್ಟಿ ಬೀಳುತ್ತದೆ. ಆ ಹಣೆಪಟ್ಟಿ ಹಚ್ಚುವುದನ್ನು ಬಿಟ್ಟು, ಕಾನೂನಿನ ಕ್ರಮ ಪಾಲಿಸುವಂತೆ ನಗರಾಡಳಿತವನ್ನು ಒತ್ತಾಯಿಸೋಣ ಎಂಬುದು ನನ್ನ ಮನವಿ.

ಆ ಕ್ರಮ ಯಾವುದೆಂದು ಸುಪ್ರೀಂ ಕೋರ್ಟ್ 2024ರ ನವೆಂಬರ್ 6ರಂದು ಸ್ಪಷ್ಟಪಡಿಸಿದೆ. ಉತ್ತರಪ್ರದೇಶದ ಮಹಾರಾಜಗಂಜ್‌ನಲ್ಲಿ 2019ರಲ್ಲಿ ರಸ್ತೆ ವಿಸ್ತರಣೆಗೆಂದು ಲಿಖಿತ ನೋಟಿಸೇ ಇಲ್ಲದೆ ಮನೆಯೊಂದನ್ನು ಕೆಡವಲಾಗಿತ್ತು. ಒತ್ತುವರಿ 3.7 ಮೀಟರ್ ಇತ್ತೆಂದೇ ಇಟ್ಟುಕೊಂಡರೂ ಕೆಡವಿದ್ದು ಅದಕ್ಕಿಂತ ಹೆಚ್ಚು. ಮಾಲೀಕರಿಗೆ 25 ಲಕ್ಷ ರೂಪಾಯಿ ಪರಿಹಾರಕ್ಕೆ ಆದೇಶಿಸಿದ ಕೋರ್ಟ್, ಎಲ್ಲ ರಾಜ್ಯಗಳಿಗೂ ಅನ್ವಯಿಸುವ ಕ್ರಮವನ್ನು ಹೇಳಿತು: ದಾಖಲೆ, ನಕ್ಷೆಗಳಿಂದ ರಸ್ತೆಯ ಈಗಿನ ಅಗಲ ಗೊತ್ತುಮಾಡಬೇಕು, ಸರ್ವೆ ನಡೆಸಿ ಒತ್ತುವರಿ ಇದ್ದರೆ ನೋಟಿಸ್ ಕೊಡಬೇಕು, ಆಕ್ಷೇಪ ಕೇಳಿ, ಕಾರಣ ಬರೆದು ತೀರ್ಮಾನಿಸಬೇಕು, ಒತ್ತುವರಿ ತೆರವಿಗೆ ಕಾಲಾವಕಾಶ ಕೊಡಬೇಕು. ಇಷ್ಟಾದರೂ ಅಗಲ ಸಾಲದಿದ್ದರೆ ಖಾಸಗಿ ಜಾಗವನ್ನು ಸ್ವಾಧೀನ ಕಾನೂನಿನಂತೆಯೇ ಪಡೆಯಬೇಕು. ಅಂದರೆ 2013ರ ಭೂಸ್ವಾಧೀನ ಕಾಯ್ದೆಯಂತೆ ಆಕ್ಷೇಪಕ್ಕೆ 60 ದಿನ, ಪರಿಹಾರದ ಜೊತೆಗೆ ಅಷ್ಟೇ ಮೊತ್ತದ ಸಾಂತ್ವನ ಧನ.

‘ಇಷ್ಟೆಲ್ಲ ಮಾಡುತ್ತ ಕೂತರೆ ರಸ್ತೆ ಆಗುವುದು ಯಾವಾಗ?’ ಎಂಬ ಪ್ರಶ್ನೆ ನ್ಯಾಯವಾದದ್ದೇ. ದೂಳು, ದಟ್ಟಣೆಯ ಕಷ್ಟ ಜನರಿಗೇ. ಆದರೆ ನೋಟಿಸ್ ಕೊಡದೆ ಜೆಸಿಬಿ ತಂದಾಗಲೇ ತಡೆಯಾಜ್ಞೆ ಸುಲಭವಾಗಿ ಸಿಗುವುದು. ಕಡತ ಗಟ್ಟಿಯಾಗಿದ್ದರೆ ಅರ್ಜಿ ನಿಲ್ಲುವುದು ಕಷ್ಟ. ಕ್ರಮ ತಪ್ಪುವುದು ಅಗ್ಗವೂ ಅಲ್ಲ. ಬೆಂಗಳೂರು–ಮೈಸೂರು ಮೂಲಸೌಕರ್ಯ ಕಾರಿಡಾರ್‌ಗೆ 2003ರಲ್ಲಿ ಅಧಿಸೂಚನೆ ಹೊರಡಿಸಿದ ಜಮೀನಿಗೆ ಪರಿಹಾರ ಕೊಡದೆ ಕಾಲ ತಳ್ಳಿದ್ದರಿಂದ, 2019ರ ಮಾರುಕಟ್ಟೆ ದರ ಲೆಕ್ಕಹಾಕುವಂತೆ ಸುಪ್ರೀಂ ಕೋರ್ಟ್ 2025ರ ಜನವರಿ 2ರಂದು ಆದೇಶಿಸಿತು. ಆಡಳಿತದ ಲೋಪಕ್ಕೆ ಕಡೆಗೆ ಬೆಲೆ ತೆರುವುದು ಜನರ ದುಡ್ಡೇ.

‘ಒತ್ತುವರಿದಾರರೂ ಕೋರ್ಟಿನ ಮರೆಯಲ್ಲಿ ಉಳಿದುಕೊಳ್ಳುತ್ತಾರೆ’ ಎಂಬ ಮಾತೂ ಸುಳ್ಳಲ್ಲ. ಚರಂಡಿ, ಫುಟ್‌ಪಾತ್ ಮೇಲೆ ಮೆಟ್ಟಿಲು ಕಟ್ಟಿಕೊಂಡವರಿಗೆ ನೋಟಿಸಿನ ಹಕ್ಕುಂಟು, ಸಾರ್ವಜನಿಕ ಜಾಗದ ಮೇಲಲ್ಲ. ಆದರೆ ಅವರನ್ನೂ ಸ್ವಂತ ಜಾಗ ಕಳೆದುಕೊಳ್ಳುವವರನ್ನೂ ಬೇರ್ಪಡಿಸಲು ಸರ್ವೆಯೊಂದೇ ದಾರಿ.

ಆದ್ದರಿಂದ ಕಟ್ಟಡದ ಮಾಲೀಕರೇ, ನಿಮ್ಮ ಕ್ರಯಪತ್ರ, ಖಾತೆ, ನಕ್ಷೆ ತೆಗೆದು ಅಳತೆ ನೋಡಿಕೊಳ್ಳಿ. ಗೆರೆ ದಾಟಿದ್ದರೆ ನೀವೇ ತೆರವು ಮಾಡಿ. ಉಳಿದ ನಾವು, ಕೆಡಹುವ ಮೊದಲು ಸರ್ವೆ ನಕ್ಷೆಯನ್ನೂ ಪರಿಹಾರದ ಲೆಕ್ಕವನ್ನೂ ಕಚೇರಿಯ ಸೂಚನಾ ಫಲಕದಲ್ಲಿ ಪ್ರಕಟಿಸುವಂತೆ ನಮ್ಮ ವಾರ್ಡಿನ ಪ್ರತಿನಿಧಿಗಳನ್ನು ಕೇಳೋಣ. ಬಾಡಿಗೆ ಅಂಗಡಿಯವರು, ಬೀದಿಬದಿ ವ್ಯಾಪಾರಿಗಳು ಎಲ್ಲಿಗೆ ಹೋಗಬೇಕೆಂಬುದೂ ಆಗಲೇ ತೀರ್ಮಾನವಾಗಲಿ. ಇಂದು ನೆರೆಯವನ ಗೋಡೆಗೆ ಸಿಗದ ನೋಟಿಸ್ ನಾಳೆ ನಮ್ಮ ಗೋಡೆಗೂ ಸಿಗುವುದಿಲ್ಲ.