ಗೃಹಿಣಿಯ ಪಾಕಶಾಲೆ: ಪಥ್ಯದವರಿಗೂ ಒಂದೇ ಪಂಕ್ತಿ

ಮನೆಯಲ್ಲೊಬ್ಬರಿಗೆ ಅಜೀರ್ಣವೆಂದು ಅವರನ್ನು ಗಂಜಿಯ ಬಟ್ಟಲೊಡನೆ ಬೇರೆ ಕುಳ್ಳಿರಿಸುವುದು ನಮಗೆ ಸರಿತೋರದು. ಇದಕ್ಕೆ ಬೆಂಗಳೂರು ದಂಡಿನ ಅಡಿಗೆಯಲ್ಲಿ ಉಪಾಯವುಂಟು. ತಮಿಳರ ಮಿಳಗುತಣ್ಣೀರನ್ನು ಆಂಗ್ಲರು ‘ಮಲ್ಲಿಗಟಾನಿ’ ಸೂಪಾಗಿ ಮಾಡಿಕೊಂಡರಷ್ಟೆ. ೧೮೦೯ರಲ್ಲಿ ಹಲಸೂರಿನ ಬಳಿ ನೆಲೆಯಾದ ದಂಡಿನ ಆಂಗ್ಲೋ-ಇಂಡಿಯನ್ ಮನೆಗಳಲ್ಲಿ ಅದರ ಒಡಹುಟ್ಟಾದ ‘ಪೆಪ್ಪರ್ ವಾಟರ್’ ಅನ್ನದೊಡನೆ ಬರುವುದು.

ನಾವು ಅದರಲ್ಲಿ ಹುಣಿಸೆಯನ್ನು ಕಡಮೆಮಾಡಿ, ಮೆಣಸು ಜೀರಿಗೆಗಳನ್ನು ಮಿತವಾಗಿ ಕುಟ್ಟಿಹಾಕಿ, ಮೆತ್ತನೆಯ ಅನ್ನವನ್ನೂ, ಕ್ಯಾರೆಟ್ಟು, ಎಳೆಯ ಹುರುಳಿಕಾಯಿ, ಆಲೂಗಡ್ಡೆಗಳ ಸ್ಟ್ಯೂವನ್ನೂ ಜೊತೆಗಿಡುತ್ತೇವೆ. ಈರುಳ್ಳಿ ಬೇಡ. ಬೆಳ್ಳುಳ್ಳಿಯಲ್ಲಿ ಅನೇಕರಿಗೆ ವಾಯುವನ್ನು ತರುವ ಫ್ರಕ್ಟಾನ್ ಎಂಬ ಅಂಶವು ನೀರಿನಲ್ಲಿ ಕರಗುವುದು, ತುಪ್ಪದಲ್ಲಿ ಕರಗದು. ಆದಕಾರಣ ಎಸಳುಗಳನ್ನು ಇಡಿಯಾಗಿ ತುಪ್ಪದಲ್ಲಿ ಬಾಡಿಸಿ, ನೀರು ಹೊಯ್ಯುವ ಮೊದಲೇ ತೆಗೆದಿಡತಕ್ಕದ್ದು, ಪರಿಮಳವು ಉಳಿಯುವುದು. ತೆಗೆದ ಎಸಳುಗಳು, ಹಸಿಮೆಣಸಿನಕಾಯಿಯೊಡನೆ, ಖಾರ ಬೇಡುವ ಹುಡುಗರ ತಟ್ಟೆಗೆ.